ಕಪಾಟಿನ ಬಾಗಿಲಿನ ಸದ್ದು

ಏಸಿ ಬಂದ್ ಮಾಡಿ, ಕಿಟಕಿಗೆ ರಜಾಯಿ ಸಿಕ್ಕಿಸಿ, ಬಾಗಿಲ ಸಂದಿಗೆ ಟವೆಲ್ ತುರುಕಿದರೆ ಉಮ್ ಅಲ್ ಹಸ್ಸಮ್‌ನ ನಮ್ಮ ಮಲಗುವ ಕೋಣೆ ಸ್ಟುಡಿಯೋ ಆಗುತ್ತದೆ. ಹೊರಗೆ ಬಹ್ರೇನಿನ ಬೇಸಿಗೆ. ಒಳಗೆ ನಾನು ಬನಿಯನ್ ತೊಟ್ಟು, ಮೈಕಿನ ಮುಂದೆ ನನ್ನದೇ ಅಂಗಿಯ ಕಾಲರನ್ನು ಹಿಡಿದು ಎಳೆಯುತ್ತಿದ್ದೆ. ಹತ್ತಿ ಅಂಗಿಯ ಸದ್ದು ಸರಿಯಾಗಲಿಲ್ಲ, ಟೆರಿಕಾಟ್ ತೀರಾ ಕರಕರ ಎಂದಿತು. ಕೊನೆಗೆ ಮದುವೆಯ ಕೋಟಿನ ಕಾಲರು ಒದಗಿತು. ಹೆಂಡತಿ ಆಸ್ಪತ್ರೆಯ ಡ್ಯೂಟಿಗೆ ಹೋಗಿದ್ದಳು. ಮಗ ಆಗಲೇ ಈಸಾ ಟೌನ್‌ನ ಶಾಲೆಗೆ ಬಸ್ಸು ಹತ್ತಿಯಾಗಿತ್ತು. ಸಲ್ಮಾಬಾದ್‌ನಲ್ಲಿ ನನ್ನ ಕೆಲಸ ಮಧ್ಯಾಹ್ನದ ಮೇಲೆ ಶುರುವಾಗುವುದರಿಂದ ಬೆಳಗಿನ ಹೊತ್ತು ಮನೆಯಲ್ಲಿ ನಾನೊಬ್ಬನೇ.

ಸಲ್ಮಾಬಾದ್‌ನ ಸ್ಟುಡಿಯೋದಲ್ಲಿ ನಾನು ಜಾಹೀರಾತುಗಳಿಗೆ ಶಬ್ದ ಜೋಡಿಸುತ್ತೇನೆ. ಕಾರಿನ ಬಾಗಿಲು ಮುಚ್ಚುವ ಗತ್ತು, ಸೂಪರ್ ಮಾರ್ಕೆಟ್ಟಿನ ಮೀನು ಎಣ್ಣೆಗೆ ಬೀಳುವ ಚುಂಯ್ ಸದ್ದು, ಇಂಥವು. ಅಲ್ಲಿ ಮೊದಲು ನನ್ನ ಜೊತೆ ಸಂಕಲನಕಾರನಾಗಿದ್ದ ಉಡುಪಿ ಕಡೆಯ ಗೆಳೆಯನೊಬ್ಬ ಈಗ ಬರ್ಲಿನ್‌ನಲ್ಲಿದ್ದಾನೆ. ಅವನು ಫೋನು ಮಾಡಿದಾಗಲೇ ಈ ಕಥೆ ಶುರುವಾದದ್ದು.

"ನಿಂಗೆ ಒಂದು ಕೆಲಸ ಉಂಟು ಮಾರಾಯ. ಎಂಥ ಸಿನಿಮಾ ಅಂತ ಮೊದ್ಲೇ ಹೇಳ್ತೇನೆ, ಆಮೇಲೆ ನನ್ನನ್ನು ಬೈಬೇಡ."

"ಎಂಥದು, ಭೂತದ್ದಾ?"

"ಅಲ್ಲ. ಗಂಡಸರು ಗಂಡಸರದ್ದು. ವಯಸ್ಕರ ಸಿನಿಮಾ. ಆದ್ರೆ ಇದ್ರಲ್ಲಿ ಕಥೆ ಉಂಟು."

"ಎಲ್ಲರೂ ಹಾಗೇ ಹೇಳುದು."

"ನೋಡು ಒಮ್ಮೆ. ನೋಡಿದ ಮೇಲೆ ಬೇಡ ಅಂದ್ರೆ ಬಿಡು."

ನೋಡಿದೆ. ನಗಲು ತಯಾರಾಗಿ ಕೂತವನು ನಗಲಿಲ್ಲ. ಒಬ್ಬ ಶ್ರೀಮಂತ ಯಜಮಾನ, ಅವನ ಕಾರಿನ ಚಾಲಕ. ಮೊದಮೊದಲು ಯಜಮಾನ ಹೇಳಿದಂತೆ ಎಲ್ಲ ನಡೆಯುತ್ತದೆ. ಯಾರು ಮೊದಲು ಕಣ್ಣು ತಗ್ಗಿಸುತ್ತಾರೆ, ಯಾರು ಬಾಗಿಲು ತೆರೆಯುತ್ತಾರೆ, ಕಾರಿನ ಕೀ ಯಾರ ಕೈಯಲ್ಲಿದೆ ಎಂಬುದರಲ್ಲೇ ಅವರ ನಡುವಿನ ಅಧಿಕಾರ ಅತ್ತಿಂದಿತ್ತ ಸರಿಯುತ್ತದೆ. ಮಂಚದ ದೃಶ್ಯಗಳಿದ್ದವು, ಮುಚ್ಚುಮರೆ ಇಲ್ಲದೆ. ಆದರೆ ಶಬ್ದದವನಿಗೆ ಅವು ಸುಲಭ. ಕಷ್ಟವಿದ್ದದ್ದು ಅದಕ್ಕೆ ಮೊದಲಿನ ಮೌನದಲ್ಲಿ. ಇಷ್ಟು ವರ್ಷ ಮೀನು ಹುರಿದ ನನಗೆ ಇಬ್ಬರು ಮನುಷ್ಯರ ನಡುವಿನ ಮೌನಕ್ಕೆ ಕೆಲಸ ಮಾಡುವ ಆಸೆ ಹುಟ್ಟಿತು. ಒಪ್ಪಿಕೊಂಡೆ.

ಇಲ್ಲಿ ಅಂಥ ಸಿನಿಮಾದ ತುಣುಕು ಮನೆಯಲ್ಲಿದೆ ಎಂದು ಗೊತ್ತಾದರೆ ಕೆಲಸ ಹೋಗುತ್ತದೆ, ವೀಸಾ ಹೋಗುತ್ತದೆ, ಪೊಲೀಸರ ಮುಂದೆ ನಿಲ್ಲಬೇಕಾಗುತ್ತದೆ. ಹಾಗಾಗಿ ನನ್ನ ಹೆಸರು ಎಲ್ಲೂ ಬರಬಾರದು ಎಂಬ ಷರತ್ತು ಹಾಕಿದೆ. ಬರ್ಲಿನ್‌ನವರಿಗೆ ನಾನು ಬರೀ 'ಸೌಂಡ್'. ಹೆಂಡತಿಗೆ ಮಾತ್ರ ಹೇಳಿದ್ದೆ. ಅವಳು ತಲೆ ಚಚ್ಚಿಕೊಂಡು, "ಮಗ ಮನೆಯಲ್ಲಿರುವಾಗ ಮಾತ್ರ ಬೇಡ" ಎಂದಳು. ನಮ್ಮ ಮನೆಮಾತು ಕೊಂಕಣಿ. ಅವಳ ಮಾತನ್ನೂ ಬರ್ಲಿನ್‌ನವರ ಇಂಗ್ಲಿಷನ್ನೂ ಇಲ್ಲಿ ಕನ್ನಡದಲ್ಲಿ ಬರೆಯುತ್ತಿದ್ದೇನೆ.

ಸಿನಿಮಾದ ಜೀವ ಇದ್ದದ್ದು ಕಪಾಟಿನ ದೃಶ್ಯದಲ್ಲಿ. ಚಾಲಕ ಕೆಲಸ ಬಿಡುತ್ತೇನೆ ಎನ್ನುತ್ತಾನೆ. ಯಜಮಾನ ಅವನ ಕುತ್ತಿಗೆಗೆ ಕೈಹಾಕಿ ಕಪಾಟಿಗೆ ಒತ್ತುತ್ತಾನೆ. ಇಬ್ಬರ ಮೈಮೇಲೂ ಪೂರ್ತಿ ಬಟ್ಟೆ ಇದೆ. ಒಂದೇ ಉದ್ದನೆಯ ಶಾಟ್, ಮುಖಗಳ ಹತ್ತಿರದಿಂದ; ಚಾಲಕನ ಕೈಗಳು ಕಾಣುವುದಿಲ್ಲ. ಚಾಲಕನ ಪಾತ್ರ ಮಾಡಿದವನ ಮುಖದಲ್ಲಿ ಕಂಡ ಹೆದರಿಕೆಯನ್ನು ನಾನು ಯಾವ ದೊಡ್ಡ ನಟನಲ್ಲೂ ನೋಡಿರಲಿಲ್ಲ. ಎಂಥ ನಟ ಎಂದು ಗೆಳೆಯನಿಗೆ ಹೇಳಿದ್ದೆ ಕೂಡ. ಅವನು ಮಾತು ಬದಲಿಸಿದ. ಆಗ ನನಗೆ ಅದು ವಿಚಿತ್ರ ಅನಿಸಲಿಲ್ಲ.

ಆ ಕಪಾಟು ಶೂಟಿಂಗಿಗೆಂದು ತೆಳು ಹಲಗೆಯಲ್ಲಿ ಮಾಡಿದ್ದು. ಮೈ ತಾಗಿದಾಗಲೆಲ್ಲ ಲಟಲಟ ಎನ್ನುತ್ತಿತ್ತು. ಶ್ರೀಮಂತನ ಮನೆಯ ಕಪಾಟು ಹಾಗೆ ಸದ್ದು ಮಾಡಬಾರದಲ್ಲ. ನಾನು ಒಂದೊಂದೇ ಲಟಲಟವನ್ನು ಹುಡುಕಿ ತೆಗೆದೆ. ನಡುವೆ ಎರಡು ಗಟ್ಟಿ ಬಡಿತ, ಸ್ವಲ್ಪ ಬಿಟ್ಟು ಮತ್ತೆರಡು ಬಂದವು. ಅವನ್ನೂ ತೆಗೆದೆ. ನಿರ್ದೇಶಕನ ದನಿ ಒಂದು ಕಡೆ ಕೇಳುತ್ತಿತ್ತು, "ನಿಲ್ಲಿಸಬೇಡ, ಮುಂದುವರಿಸು" ಎಂದು. ಶಾಟ್ ನಡೆಯುವಾಗ ನಿರ್ದೇಶಕರು ಹಾಗೆ ಮಾತಾಡುವುದು ಮಾಮೂಲು, ಅದನ್ನು ಒರೆಸುವುದೂ ನಮಗೆ ಮಾಮೂಲು. ಒರೆಸಿದೆ. ಆ ಜಾಗಕ್ಕೆ ಬಟ್ಟೆಯ ಸದ್ದು, ಕೋಟಿನ ಕಾಲರು ಬಿಗಿಯುವ ಸದ್ದು ಸೇರಿಸಿ ಕಳಿಸಿಕೊಟ್ಟೆ.

ನಿರ್ದೇಶಕ ತಾನೇ ಫೋನು ಮಾಡಿ ಹೊಗಳಿದ. ಅಷ್ಟು ಸ್ವಚ್ಛವಾಗಿ ಯಾರೂ ಮಾಡಿಕೊಟ್ಟಿರಲಿಲ್ಲವಂತೆ. ನಾನು ಉಬ್ಬಿಹೋದೆ. ಆ ದಿನ ಸಲ್ಮಾಬಾದ್‌ಗೆ ಹೋಗುವ ದಾರಿಯುದ್ದಕ್ಕೂ ಕಾರಿನಲ್ಲಿ ಹಾಡುತ್ತಾ ಹೋದೆ.

ಮರುದಿನ ಒಂದು ಸಣ್ಣ ಕೆಲಸ ಉಳಿದಿತ್ತು. ಯಾರೂ ಮಾತಾಡದಿರುವಾಗ ಕೋಣೆಗೇ ಒಂದು ಗುಂಯ್ ಎನ್ನುವ ಸದ್ದು ಇರುತ್ತದೆ. ಒರೆಸಿದ ಜಾಗಗಳು ಖಾಲಿ ಅನಿಸದಂತೆ ಅದನ್ನು ತುಂಬಬೇಕು. ಅದಕ್ಕಾಗಿ ಶಾಟ್ ಶುರುವಾಗುವುದಕ್ಕೆ ಮೊದಲಿನ ರೆಕಾರ್ಡಿಂಗ್ ಹುಡುಕಿದೆ. ಚಾಲಕನ ಅಂಗಿಯೊಳಗೆ ಅಂಟಿಸಿದ್ದ ಸಣ್ಣ ಮೈಕು ಮೊದಲಿನಿಂದಲೂ ಚಾಲೂ ಇತ್ತು. ಈ ಬಿಡಿ ಟ್ರ್ಯಾಕುಗಳನ್ನು ಸಂಕಲನಕಾರರು ಕೇಳುವುದಿಲ್ಲ. ಅವರ ಹತ್ತಿರ ಮೇಲೆ ತೂಗಿಸಿದ ದೊಡ್ಡ ಮೈಕಿನದ್ದು ಮಾತ್ರ ಇರುತ್ತದೆ. ಇವೆಲ್ಲ ಬಂದು ಬೀಳುವುದು ಶಬ್ದದವನ ತಲೆಗೆ.

ಮೌನ ಹುಡುಕುತ್ತಿದ್ದವನಿಗೆ ಮಾತು ಸಿಕ್ಕಿತು. ಚಾಲಕನ ಪಾತ್ರದವನ ದನಿ, ಹತ್ತಿರದಿಂದ, ನಿಧಾನವಾಗಿ: "ಬಾಯಲ್ಲಿ ಬೇಡ ಅಂದರೆ ಅದು ಡೈಲಾಗು, ನೀನು ನಿಲ್ಲಿಸಬೇಡ. ಕುತ್ತಿಗೆ ಹಿಡಿದಿರುವಾಗ ನನಗೆ ಮಾತು ಬರುವುದಿಲ್ಲ. ನಾನು ಹಿಂದಿನ ಹಲಗೆಗೆ ಎರಡು ಸಲ ಬಡಿದರೆ ಅದು ನಿಜ. ತಕ್ಷಣ ಕೈ ತೆಗಿ." ಯಜಮಾನನ ಪಾತ್ರದವನು ಆಯಿತು ಎಂದ. ಆಮೇಲೆ ನಿರ್ದೇಶಕನ ದನಿ: "ಎರಡು ಬಡಿತ. ಎಲ್ಲರಿಗೂ ಗೊತ್ತಾಯಿತಲ್ಲ? ಶುರು ಮಾಡೋಣ."

ಬೆವರು ಇಳಿಯುತ್ತಿತ್ತು, ಏಸಿ ಹಾಕಲು ಕೈ ಏಳಲಿಲ್ಲ. ಮೂಲ ಟ್ರ್ಯಾಕ್ ತೆಗೆದು ಮತ್ತೆ ಕೇಳಿದೆ. ಎರಡು ಬಡಿತ. ಒಂದು ಗಳಿಗೆ ಬಟ್ಟೆ ಸಡಿಲವಾದ ಸದ್ದು. ನಿರ್ದೇಶಕನ "ನಿಲ್ಲಿಸಬೇಡ". ಬಟ್ಟೆ ಮತ್ತೆ ಬಿಗಿಯಾಯಿತು. ಮತ್ತೆರಡು ಬಡಿತ, ಮೊದಲಿಗಿಂತ ಜೋರಾಗಿ. ಆಮೇಲೆ ಉಸಿರು ಎಳೆದುಕೊಳ್ಳುವ ಸದ್ದು, ಕಟ್ ಎಂದಾದ ಮೇಲೆ ಕೆಮ್ಮು. ನಾನು ನಟನೆ ಎಂದು ಮೆಚ್ಚಿದ್ದು ನಟನೆಯಲ್ಲ. ಒಬ್ಬ ಮನುಷ್ಯ ಬಿಡಿ ಎಂದು ಕೇಳಿಕೊಂಡದ್ದನ್ನು ನಾನು ಕೂತು, ಶ್ರದ್ಧೆಯಿಂದ, ಅಳಿಸಿದ್ದೆ.

ಗೆಳೆಯನಿಗೆ ಫೋನು ಮಾಡಿದೆ.

"ಆ ಕಪಾಟಿನ ಶಾಟ್‌ನಲ್ಲಿ ಅವ ಬಡಿದಿದ್ದಾನೆ. ಎರಡೆರಡು ಸಲ. ನಿಂಗೆ ಗೊತ್ತುಂಟಾ?"

ಅವನು ಎದ್ದು ಬಾಗಿಲು ಹಾಕಿಕೊಂಡ ಸದ್ದು ಕೇಳಿತು. ಆಮೇಲೆ, "ನಿಂಗೆ ಕೇಳ್ತಾ?" ಎಂದ.

"ಕೇಳ್ತಾ ಅಂದ್ರೆ? ಕಾಲರ್ ಮೈಕಿನಲ್ಲಿ ಬಾಗಿಲು ತಟ್ಟಿದ ಹಾಗೆ ಉಂಟು!"

"ಅವ ಅದೇ ದಿನ ಹೇಳಿದ್ದ ಮಾರಾಯ, ಬಡಿದೆ ಅಂತ. ಯಾರಿಗೂ ಕೇಳ್ಲಿಲ್ಲ ಅಂದ್ರು. ಇವ ಡೈರೆಕ್ಟರ್ ಹೇಳಿದ್ದು, ನೀನು ಬಡಿಯುದು ಅಂತ ಅಂದ್ಕೊಂಡದ್ದು ಮಾತ್ರ, ಕೈ ಏಳ್ಲಿಲ್ಲ, ಗಾಬರಿಯಲ್ಲಿ ಹಾಗೆ ಆಗ್ತದೆ ಅಂತ. ಪಾಪ, ಈಗ ಅವನಿಗೇ ಡೌಟ್ ಬಂದಿದೆ. ನನ್ನ ಟ್ರ್ಯಾಕ್‌ನಲ್ಲಿ ಲಟಲಟ ಮಾತ್ರ ಕೇಳ್ತದೆ, ನಾನು ಎಂತ ಹೇಳ್ಲಿ?"

ಆಮೇಲೆ ಅವನು ಹೇಳಿದ್ದು ಕೇಳಿ ನನಗೆ ಕುರ್ಚಿಯಲ್ಲಿ ಕೂರಲಾಗಲಿಲ್ಲ. ಆ ಸಿನಿಮಾ ಕಂಪನಿಯಲ್ಲಿ ಒಂದು ಪದ್ಧತಿ ಇದೆಯಂತೆ. ಸಿನಿಮಾ ಹೊರಬೀಳುವ ಮೊದಲು ಪ್ರತಿ ನಟನಿಗೂ ಅವನ ದೃಶ್ಯವನ್ನು ಪೂರ್ತಿ ಶಬ್ದದೊಂದಿಗೆ ತೋರಿಸಬೇಕು. ಅವನು ಒಪ್ಪಿದರೆ ಮಾತ್ರ ದೃಶ್ಯ ಉಳಿಯುತ್ತದೆ. ಕಪಾಟಿನ ದೃಶ್ಯಕ್ಕೆ ಚಾಲಕನ ಪಾತ್ರದವನು ಇನ್ನೂ ಒಪ್ಪಿಗೆ ಕೊಟ್ಟಿರಲಿಲ್ಲ. ನಾನು ಸ್ವಚ್ಛ ಮಾಡಿದ ಟ್ರ್ಯಾಕನ್ನು ಕೇಳಿಸಿ, ನೋಡು, ನೀನು ಬಡಿದೇ ಇಲ್ಲ ಎಂದು ತೋರಿಸುವುದು ನಿರ್ದೇಶಕನ ಲೆಕ್ಕಾಚಾರ. ನನ್ನ ಕೆಲಸವೇ ಅವನ ವಿರುದ್ಧದ ಸಾಕ್ಷಿಯಾಗಲಿತ್ತು.

"ಹಾಗಾದ್ರೆ ನೀನು ಹೇಳು ಅವನಿಗೆ."

"ನಾನು ಹೇಳಿದ್ರೆ ಡೈರೆಕ್ಟರ್ ಅದನ್ನು ಸುಳ್ಳು ಅಂತಾನೆ. ಕೇಳಿಸ್ಬೇಕು. ಟ್ರ್ಯಾಕ್ ಇರುದು ನಿನ್ನ ಹತ್ರ, ಇನ್ನೊಂದು ಇವನ ಹತ್ರ. ಇವ ಕೊಡುದುಂಟಾ?" ಮತ್ತೆ ಅವನೇ ಹೇಳಿದ, "ನಿನ್ನ ಅವಸ್ಥೆಯೂ ನಂಗೆ ಗೊತ್ತುಂಟು. ನಾನು ಒತ್ತಾಯ ಮಾಡುದಿಲ್ಲ."

ಒತ್ತಾಯ ಮಾಡುವುದಿಲ್ಲ ಎನ್ನುವವರ ಮೇಲೆ ನನಗೆ ಸಿಟ್ಟು ಜಾಸ್ತಿ ಬರುತ್ತದೆ. ಬೈದು ಫೋನಿಟ್ಟೆ.

ಎರಡು ದಿನ ಬಿಟ್ಟು ನಿರ್ದೇಶಕನ ಕರೆ ಬಂತು. ಇಬ್ಬರು ನಟರನ್ನೂ ಬರ್ಲಿನ್‌ನ ಒಂದು ಡಬ್ಬಿಂಗ್ ಕೋಣೆಯಲ್ಲಿ ಕೂರಿಸುತ್ತಾನಂತೆ. ಕೆಲವು ಕಡೆ ಉಸಿರಾಟದ ಸದ್ದು ಮತ್ತೆ ತೆಗೆದುಕೊಳ್ಳಬೇಕು. ನಾನು ಇಲ್ಲಿಂದಲೇ ಆನ್‌ಲೈನಿನಲ್ಲಿ ದೃಶ್ಯವನ್ನು ಅವರ ಹೆಡ್‌ಫೋನಿಗೆ ಬಿಡಬೇಕು, ಅವರ ದನಿ ರೆಕಾರ್ಡ್ ಮಾಡಬೇಕು. ಅದೇ ಹೊತ್ತಿಗೆ ಒಪ್ಪಿಗೆಯೂ ಮುಗಿದುಹೋಗುತ್ತದೆ. ನಾನು ಬಡಿತದ ಮಾತೆತ್ತಿದೆ. ಅವನು ನಕ್ಕ. ಹಲಗೆ ಸದ್ದು ಮಾಡುತ್ತದೆ, ಹಲಗೆಯ ಕೆಲಸವೇ ಅದು ಎಂದ. ಕಲೆಗೆ ನಿಜವಾದ ಭಯ ಬೇಕು, ಅದು ಕೇಳಿ ಪಡೆಯುವಂಥದ್ದಲ್ಲ ಎಂದ. ಆಮೇಲೆ ದನಿ ಬದಲಾಯಿಸದೆ ಕೇಳಿದ: "ನೀವು ಇರುವ ದೇಶದಲ್ಲಿ ಇಂಥ ಸಿನಿಮಾ ಇಟ್ಟುಕೊಳ್ಳುವುದು ಕಷ್ಟ ಅಲ್ಲವೇ? ಹುಷಾರಾಗಿರಿ. ನಿಮಗೆ ಕುಟುಂಬ ಇದೆ ಎಂದು ಕೇಳಿದ್ದೇನೆ."

ಇಡೀ ಸಿನಿಮಾದಲ್ಲಿ ಯಜಮಾನ ಒಂದು ಸಲವೂ ಕೂಗುವುದಿಲ್ಲ. ಆ ಪಾತ್ರವನ್ನು ನಿರ್ದೇಶಕ ಎಲ್ಲಿಂದ ತಂದ ಎಂದು ಆವತ್ತು ನನಗೆ ಅರ್ಥವಾಯಿತು.

ಹೆಂಡತಿಗೆ ಹೇಳದೆ ಇರಲಾಗಲಿಲ್ಲ. ಅವಳು ಡ್ಯೂಟಿ ಮುಗಿಸಿ ಬಂದು, ಕಾಲು ಚಾಚಿ ಚಹಾ ಕುಡಿಯುತ್ತಿದ್ದಳು. ಮಗ ಹೊರಗೆ ಕಾಂಪೌಂಡಿನಲ್ಲಿ ಸೈಕಲ್ ತುಳಿಯುತ್ತಿದ್ದ. ಎಲ್ಲ ಕೇಳಿದ ಮೇಲೆ ಅವಳ ಮುಖ ಬಿಳಿಚಿತು.

"ಎಲ್ಲ ಡಿಲೀಟ್ ಮಾಡು. ಈಗಲೇ. ಅವನಿಗೆ ಕೆಲಸ ವಾಪಸ್ ಕೊಡು, ನಂಗೆ ಹುಷಾರಿಲ್ಲ ಅಂತ ಹೇಳು."

"ಡಿಲೀಟ್ ಮಾಡಿದ್ರೆ ಆ ಹುಡುಗನ ಮಾತು ಹೋಯ್ತಲ್ಲ?"

"ನಮ್ಮ ಹುಡುಗನಿಗೆ ಶಾಲೆ ಉಂಟು. ನನ್ನ ಕೆಲಸ ಉಂಟು. ನಾಳೆ ಯಾರಾದ್ರೂ ಬಂದು ಬಾಗಿಲು ತಟ್ಟಿದ್ರೆ ಯಾರಿಗೆ ಫೋನು ಮಾಡುದು? ನಿನ್ನ ಆ ಬರ್ಲಿನ್‌ನ ದೋಸ್ತಿಗಾ?"

ಅವಳು ಹೇಳಿದ್ದರಲ್ಲಿ ಒಂದೂ ಸುಳ್ಳಿರಲಿಲ್ಲ. ಅವಳು ಲೋಟ ತೊಳೆದಿಟ್ಟು, ಅಂಗಳದಲ್ಲಿದ್ದ ಮಗನನ್ನು ಒಂದು ಸಲ ನೋಡಿ ಬಂದು, ಬಾಗಿಲಲ್ಲಿ ನಿಂತಳು.

"ಅವ ಸಾಯುವವರೆಗೂ ತಾನೇ ಬಡಿಯಲಿಲ್ಲ ಅಂತ ಯೋಚಿಸ್ತಾ ಇರ್ತಾನಾ?"

"ಹೌದು."

"ನಂಗೆ ಹೆದರಿಕೆ ಆಗ್ತದೆ," ಎಂದಳು. "ನೀನು ಎಂತ ಮಾಡ್ತೀ ಅಂತ ನಂಗೆ ಹೇಳ್ಬೇಡ. ಆದ್ರೆ ಅವನಿಗೆ ಸುಳ್ಳು ಕೇಳಿಸ್ಬೇಡ."

ಡಬ್ಬಿಂಗ್ ದಿನ ಬೆಳಿಗ್ಗೆ ರಜಾಯಿ ಕಟ್ಟಿ, ಏಸಿ ನಿಲ್ಲಿಸಿ ಕೂತೆ. ನನ್ನ ಮುಂದೆ ಎರಡು ಟ್ರ್ಯಾಕು ಸಿದ್ಧವಿದ್ದವು, ಒರೆಸಿದ್ದು ಮತ್ತು ಮೂಲದ್ದು. ಯಾವುದನ್ನು ಬಿಡುತ್ತೇನೆಂದು ಆಗಲೂ ಗಟ್ಟಿ ಮಾಡಿಕೊಂಡಿರಲಿಲ್ಲ. ಧೈರ್ಯವಂತ ಅನ್ನಿಸಿಕೊಳ್ಳಲು ಸುಳ್ಳು ಬರೆಯಬಾರದಲ್ಲ. ಕೈ ಒರೆಸಿದ ಟ್ರ್ಯಾಕಿನ ಮೇಲೆಯೇ ಇತ್ತು.

ಪರದೆಯಲ್ಲಿ ಡಬ್ಬಿಂಗ್ ಕೋಣೆ ಕಂಡಿತು. ಇಬ್ಬರೂ ಒಬ್ಬರ ಮುಖ ಒಬ್ಬರು ನೋಡದೆ ಕೂತಿದ್ದರು. ಸಿನಿಮಾದಲ್ಲಿ ಎತ್ತರ ಕಾಣುತ್ತಿದ್ದ ಯಜಮಾನ ನಿಜದಲ್ಲಿ ಸಣಕಲು. ಚಾಲಕನ ಪಾತ್ರದವನು ಕುತ್ತಿಗೆಯವರೆಗೆ ಗುಂಡಿ ಹಾಕಿದ್ದ. ನಿರ್ದೇಶಕ ಗಾಜಿನ ಆಚೆ ಕೂತು ಮೈಕಿನಲ್ಲಿ ಮಾತಾಡುತ್ತಿದ್ದ. ಗೆಳೆಯ ಅವನ ಹಿಂದೆ ನಿಂತಿದ್ದ.

ಮೊದಲು ಸಣ್ಣಪುಟ್ಟ ದೃಶ್ಯಗಳು ಮುಗಿದವು. ಕಾರಿನೊಳಗಿನ ಉಸಿರು, ಮೆಟ್ಟಿಲ ಮೇಲಿನ ನಗು. ಚಾಲಕನ ಪಾತ್ರದವನು ಕೆಲಸದಲ್ಲಿ ಬಲು ಚುರುಕು. ಎರಡನೆಯ ಸಲ ಕೇಳಬೇಕಾಗಲಿಲ್ಲ. ಅವನ ಬಗ್ಗೆ ಪಾಪ ಅನ್ನಿಸುತ್ತಿದ್ದದ್ದು ಹೋಗಿ ಮೆಚ್ಚುಗೆ ಹುಟ್ಟಿತು.

ಆಮೇಲೆ ಕಪಾಟು.

"ಶಬ್ದ ಪೂರ್ತಿ ಸಿದ್ಧವಾಗಿದೆ. ಕೇಳಿ ನೋಡು," ಎಂದ ನಿರ್ದೇಶಕ. "ನಿನಗೇ ಗೊತ್ತಾಗುತ್ತದೆ."

ಚಾಲಕನ ಪಾತ್ರದವನು ಹೆಡ್‌ಫೋನು ಹಾಕಿಕೊಳ್ಳುವ ಮೊದಲು ಕ್ಯಾಮೆರಾ ಕಡೆ ತಿರುಗಿ ನನ್ನನ್ನು ಕೇಳಿದ: "ಸೌಂಡ್, ಆ ದಿನ ರೆಕಾರ್ಡ್ ಆದದ್ದೆಲ್ಲ ಇದರಲ್ಲಿ ಇದೆಯೇ?"

ಯಾರೂ ಹಾಗೆ ಕೇಳುವುದಿಲ್ಲ. ಕೇಳಿದರೂ ನಾವು ಹೂಂ ಎಂದುಬಿಡುತ್ತೇವೆ. ಒರೆಸಿದ ಟ್ರ್ಯಾಕಿನಿಂದ ನನ್ನ ಕೈ ತಾನಾಗಿ ಹಿಂದೆ ಬಂತು. ಮೂಲದ್ದನ್ನು ತೆರೆದೆ, ಅವನ ಅಂಗಿಯೊಳಗಿನ ಮೈಕಿನದ್ದನ್ನು, ಆ ಒಪ್ಪಂದದ ಮಾತುಗಳಿಂದಲೇ.

"ಇದರಲ್ಲಿ ಇದೆ," ಎಂದು ಹೇಳಿ ಟ್ರ್ಯಾಕ್ ಬಿಟ್ಟೆ.

ಅವನ ಮಾತು ಅವನಿಗೇ ಕೇಳಿಸಿತು. ಎರಡು ಸಲ ಬಡಿದರೆ ಅದು ನಿಜ. ನಿರ್ದೇಶಕನ "ಗೊತ್ತಾಯಿತಲ್ಲ". ಗಾಜಿನ ಆಚೆ ನಿರ್ದೇಶಕ ಎದ್ದು ನಿಂತು ಕೈ ಬೀಸಿದ, ನಿಲ್ಲಿಸು ಎಂದ. ಇಲ್ಲಿ ವಾಸಕ್ಕೆ ಬೇಕಾದ ಸಿಪಿಆರ್ ಕಾರ್ಡು, ಮಗನ ಯೂನಿಫಾರ್ಮು, ಹೆಂಡತಿಯ ಬಿಳಿಚಿದ ಮುಖ, ಎಲ್ಲ ಕಣ್ಣೆದುರು ಬಂದವು. ನಿಲ್ಲಿಸಲಿಲ್ಲ. ಬಡಿತ ಬಂತು. ಎರಡು. ಆಮೇಲೆ "ನಿಲ್ಲಿಸಬೇಡ". ಆಮೇಲೆ ಮತ್ತೆರಡು.

ಮುಗಿದ ಮೇಲೆ ಅವನು ಹೆಡ್‌ಫೋನು ತೆಗೆಯಲಿಲ್ಲ. "ಇನ್ನೊಮ್ಮೆ," ಎಂದ. ಇನ್ನೊಮ್ಮೆ ಕೇಳಿಸಿದೆ.

"ಹಾಗಾದರೆ ನಾನು ಬಡಿದಿದ್ದೆ," ಎಂದ. ಯಾರನ್ನೂ ಉದ್ದೇಶಿಸಿ ಹೇಳಿದ ಹಾಗಿರಲಿಲ್ಲ.

ನಿರ್ದೇಶಕ ಮೈಕಿಗೆ ಬಾಯಿ ಹಚ್ಚಿದ. ಇದು ಪೂರ್ತಿಯಾಗದ ಟ್ರ್ಯಾಕು, ಸೌಂಡ್‌ನವನು ತಪ್ಪು ಫೈಲು ಹಾಕಿದ್ದಾನೆ, ಆ ದಿನ ಅಲ್ಲಿದ್ದ ಒಬ್ಬರಿಗೂ ಇದು ಕೇಳಿರಲಿಲ್ಲ, ಬೇಕಾದರೆ ಯಾರನ್ನಾದರೂ ಕೇಳು ಎಂದ. ದನಿ ಎತ್ತರಿಸಲಿಲ್ಲ.

"ನನಗೆ ಕೇಳಿತ್ತು," ಎಂದ ಯಜಮಾನನ ಪಾತ್ರದವನು.

ಬೆಳಗಿನಿಂದ ಅವನು ಡೈಲಾಗು ಬಿಟ್ಟು ಬೇರೆ ಮಾತಾಡಿರಲಿಲ್ಲ. ನಿರ್ದೇಶಕ ಅವನ ಹೆಸರು ಹಿಡಿದು ಕರೆದ, ಎಚ್ಚರಿಸುವ ಹಾಗೆ. ಅವನು ಆ ಕಡೆ ನೋಡಲಿಲ್ಲ. "ಎರಡೂ ಸಲ ಕೇಳಿತ್ತು. ಹಲಗೆ ನನ್ನ ಮೊಣಕೈಗೆ ತಾಗಿತ್ತು. ಮುಂದುವರಿಸು ಅಂದರು, ಮುಂದುವರಿಸಿದೆ. ಆಮೇಲೆ ಕೇಳಲಿಲ್ಲ ಅಂತ ಹೇಳು ಅಂದರು, ಅದನ್ನೂ ಹೇಳಿದೆ."

ಚಾಲಕನ ಪಾತ್ರದವನು ಹೆಡ್‌ಫೋನು ತೆಗೆದು ಮೊಣಕಾಲ ಮೇಲಿಟ್ಟುಕೊಂಡ.

"ನನಗೆ ಗೊತ್ತು," ಎಂದ. "ಮೊದಲ ಸಲ ನಿನ್ನ ಕೈ ಸಡಿಲವಾಗಿತ್ತು. ಅಷ್ಟು ನೆನಪಿತ್ತು ನನಗೆ. ಬಡಿದೇ ಇಲ್ಲವಾದರೆ ಕೈ ಯಾಕೆ ಸಡಿಲವಾಯಿತು ಅಂತ ಇಷ್ಟು ದಿನ ಕೇಳಿಕೊಳ್ಳುತ್ತಿದ್ದೆ."

ಯಜಮಾನನ ಪಾತ್ರದವನು ಮುಖ ಮುಚ್ಚಿಕೊಂಡ. ಇವನು ಅವನನ್ನು ಸಮಾಧಾನ ಮಾಡಲಿಲ್ಲ, ಬೈಯಲೂ ಇಲ್ಲ. ನಿರ್ದೇಶಕ ಬಾಗಿಲು ತೆರೆದು ಒಳಗೆ ಬರಲು ಹೊರಟಿದ್ದ. ನನ್ನ ಗೆಳೆಯ, ಒತ್ತಾಯ ಮಾಡುವುದಿಲ್ಲ ಎಂದವನು, ಬಾಗಿಲಿಗೆ ಅಡ್ಡ ನಿಂತಿದ್ದು ಗಾಜಿನಲ್ಲಿ ಕಂಡಿತು.

ನನಗೆ ಸಿಟ್ಟು ನೆತ್ತಿಗೇರಿತ್ತು. "ಇಡೀ ದೃಶ್ಯ ತೆಗೆದು ಬಿಸಾಡುತ್ತೇನೆ," ಎಂದೆ ಚಾಲಕನ ಪಾತ್ರದವನಿಗೆ. ಅವನ ಪರವಾಗಿ ಮಾತಾಡುತ್ತಿದ್ದೇನೆ ಎಂದೇ ತಿಳಿದಿದ್ದೆ.

"ಯಾಕೆ?" ಎಂದ ಅವನು, ಸ್ವಲ್ಪ ಖಾರವಾಗಿ. "ಬಡಿಯುವವರೆಗಿನದ್ದು ನಾನು ಮಾಡಿದ ಕೆಲಸ. ನನ್ನ ಒಳ್ಳೆಯ ಕೆಲಸ. ಅದನ್ನು ಯಾಕೆ ಬಿಸಾಡಬೇಕು? ಆಮೇಲಿನದ್ದು ಬೇಡ."

ಪೆಟ್ಟು ತಿಂದ ಹಾಗಾಯಿತು. ನಾನೂ ಅವನನ್ನು ಕೇಳದೆ ತೀರ್ಮಾನ ಮಾಡಲು ಹೊರಟಿದ್ದೆ.

ಅವನ ಮುಂದೆಯೇ ದೃಶ್ಯ ತೆರೆದೆ. ಮೊದಲ ಬಡಿತಕ್ಕೆ ಸಾಕಷ್ಟು ಮೊದಲು ಒಂದು ಕಡೆ ಕತ್ತರಿಸಿದೆ. ಅಲ್ಲ, ಇನ್ನೂ ಸ್ವಲ್ಪ ಮುಂದೆ ಎಂದ. ಸರಿಸಿದೆ. ಸಾಕು ಎಂದ. ಕೋಣೆಯ ಸದ್ದು ಒಂದು ಗಳಿಗೆ ಉಳಿಸಿ, ಉಳಿದದ್ದನ್ನೆಲ್ಲ ತೆಗೆದೆ. ಮೊದಲಿನಿಂದ ಓಡಿಸಿ ತೋರಿಸಿದೆ.

ಇಷ್ಟು ವರ್ಷದ ಕೆಲಸದಲ್ಲಿ ಇಂಥ ಹೊತ್ತಿನಲ್ಲಿ ನಾನು ತಲೆಯೆತ್ತಿ ನೋಡುವುದು ನಿರ್ದೇಶಕನ ಕಡೆಗೆ. ಅವನು ಗಾಜಿನ ಆಚೆ ಫೋನಿನಲ್ಲಿ ಯಾರದೋ ನಂಬರು ಹುಡುಕುತ್ತಿದ್ದ. ಯಾರದ್ದಿರಬಹುದು ಎಂದು ಯೋಚಿಸುವ ಧೈರ್ಯ ನನಗಿರಲಿಲ್ಲ. ಅಂಗಿಯ ಗುಂಡಿ ಹಾಕಿಕೊಂಡು ಕೂತಿದ್ದವನನ್ನು ಕೇಳಿದೆ.

"ಸರಿಯಾ?"

ಅವನು ಇನ್ನೊಂದು ಸಲ ನೋಡಿದ.

"ಸರಿ," ಎಂದ.